ಹುರಿದ ಗಸಗಸೆ

ಇಲ್ಲಿ ಬರೆಯುವ ಕೆಲವು ವಿವರಗಳು ತಪ್ಪಿರಬಹುದು. ಇದನ್ನು ವಿನಯಕ್ಕೆಂದು ಹೇಳುತ್ತಿಲ್ಲ. ಹಳೆಯ ಡೈರಿಗಳನ್ನು ಮೇಜಿನ ಮೇಲೆ ಹರವಿಕೊಂಡು ಕೂತಿದ್ದೇನೆ. ಹಾನ್ನಾ ಎಂಬ ಮುದುಕಿಯ ಮನೆಗೆ ಮೊದಲ ಸಲ ಹೋದ ದಿನ ಒಳ್ಳೆಯ ಬಿಸಿಲಿತ್ತೆಂದು ನನ್ನ ನೆನಪು. ಡೈರಿಯಲ್ಲಿ ‘ಮಳೆ, ಬಸ್ಸು ತಡ, ಕಾಲುಚೀಲ ಒದ್ದೆ’ ಎಂದಿದೆ. ಬಿಸಿಲನ್ನು ನೆನಪಿಟ್ಟುಕೊಂಡವಳೂ ನಾನೇ, ಮಳೆ ಎಂದು ಬರೆದವಳೂ ನಾನೇ. ಇಬ್ಬರಲ್ಲಿ ಯಾರನ್ನು ನಂಬಬೇಕೆಂಬುದನ್ನು ಇಷ್ಟು ವಯಸ್ಸಾದ ಮೇಲೂ ತೀರ್ಮಾನಿಸಲಾಗಿಲ್ಲ.

ಧಾರವಾಡದಲ್ಲಿ ಜಾನಪದ ಓದುತ್ತಿರುವ ಹುಡುಗಿಯೊಬ್ಬಳು, ಈ ಕೆಲಸ ನಿಜಕ್ಕೂ ಹೇಗಿರುತ್ತದೆ ಬರೆದು ಕಳಿಸಿ ಮೇಡಂ ಎಂದು ಕೇಳಿದಳು. ಕೆಲಸ ಇಷ್ಟೇ. ಯುದ್ಧ ಮುಗಿದ ಮೇಲೆ ಇಂಗ್ಲೆಂಡಿಗೆ ಬಂದು, ಉತ್ತರದ ಊರುಗಳ ಉಣ್ಣೆ ಗಿರಣಿಗಳಲ್ಲಿ ದುಡಿದು, ಇಲ್ಲೇ ಮುದುಕರಾದ ಉಕ್ರೇನಿನವರು, ಪೋಲೆಂಡಿನವರು ಇದ್ದರು. ನಾನು ಅವರ ಮನೆಗಳಿಗೆ ಹೋಗಿ ಅವರ ಹಳ್ಳಿಗಳ ದೆವ್ವ, ಯಕ್ಷಿಣಿ, ರಕ್ತ ಹೀರುವ ಹೆಣಗಳ ಕಥೆ ಕೇಳಿ ಟೇಪು ಮಾಡುತ್ತಿದ್ದೆ. ಸುಮಾರು ಮೂವತ್ತು ವರ್ಷ ಅದನ್ನೇ ಮಾಡಿದೆ.

ಆದರೆ ಬರೆಯಲು ಕೂತದ್ದಕ್ಕೆ ಇನ್ನೊಂದು ಕಾರಣವಿದೆ. ನನ್ನ ಸಂಗ್ರಹದಲ್ಲಿ ಒಂದು ಟೇಪು ಸುಳ್ಳಿರಬಹುದು, ಮತ್ತು ಅದಕ್ಕೆ ಕಾರಣ ನಾನೇ ಇರಬಹುದು. ಆ ಟೇಪಿಗೂ ನನ್ನ ತಾಯಿಯ ಬಗ್ಗೆ ನನಗಿರುವ ಒಂದೇ ಒಂದು ನೆನಪಿಗೂ ಗಂಟು ಬಿದ್ದಿದೆ. ಒಂದು ಸುಳ್ಳಾದರೆ ಇನ್ನೊಂದರ ಗತಿ ಏನೆಂದು ನನಗೆ ತಿಳಿಯದು.

ನಮ್ಮ ಮನೆಯವರು ಮೂರ್ತಿ, ಅರಿವಳಿಕೆ ಡಾಕ್ಟರು. ಅವರ ತರಬೇತಿಯ ಹಿಂದೆ ಬರ್ಮಿಂಗ್‌ಹ್ಯಾಮ್, ಶೆಫೀಲ್ಡ್ ಎಂದು ಸುತ್ತಿ ಕೊನೆಗೆ ಹಡರ್ಸ್‌ಫೀಲ್ಡಿನಲ್ಲಿ ನಿಂತೆವು. ನನ್ನ ಹತ್ತಿರ ಮೈಸೂರಿನ ಕನ್ನಡ ಎಂ.ಎ. ಇತ್ತು. ಅದನ್ನು ಏನು ಮಾಡಬೇಕೆಂದು ಜಾಬ್ ಸೆಂಟರಿನವರಿಗೂ ಹೊಳೆಯಲಿಲ್ಲ, ನನಗೂ ಹೊಳೆಯಲಿಲ್ಲ. ಲೈಬ್ರರಿಯ ಬೋರ್ಡಿನಲ್ಲಿ ‘ಟೇಪು ಕೇಳಿ ಬರೆದುಕೊಡುವವರು ಬೇಕು’ ಎಂಬ ಚೀಟಿ ನೋಡಿ ಹೋದೆ. ಹಳೆಯ ಗಿರಣಿಯೊಂದರ ಮೂರನೆಯ ಅಂತಸ್ತು, ಹಲಗೆಯ ನೆಲದಲ್ಲಿ ಇನ್ನೂ ಉಣ್ಣೆಯ ಜಿಡ್ಡಿನ ವಾಸನೆ. ಸಣ್ಣ ಟ್ರಸ್ಟೊಂದು ನಡೆಸುತ್ತಿದ್ದ ಧ್ವನಿ ಸಂಗ್ರಹ ಅಲ್ಲಿತ್ತು. ಅದನ್ನು ನೋಡಿಕೊಳ್ಳುತ್ತಿದ್ದವಳು ಮಾರ್ಗರೆಟ್, ಯಾರ್ಕ್‌ಶೈರಿನ ಕುರಿ ಸಾಕುವವರ ಮಗಳು. ಕೈಯಲ್ಲಿ ಸದಾ ಟೀ ಮಗ್ಗು, ಕಿವಿಯ ಮೇಲೆ ಸಿಕ್ಕಿಸಿದ ಪೆನ್ಸಿಲ್.

“ದೆವ್ವ ಅಂದ್ರೆ ಭಯವಾ?” ಎಂದು ಕೇಳಿದಳು.

“ಇಲ್ಲ. ನಮ್ಮ ಕಡೆ ಅವು ಹೆಚ್ಚಾಗಿ ನೆಂಟರೇ.”

ಅವಳು ನಕ್ಕಳು. ಒಂದು ತಿಂಗಳಲ್ಲಿ ನನ್ನನ್ನು ಬರೆಯುವ ಕೆಲಸದಿಂದ ಕೇಳುವ ಕೆಲಸಕ್ಕೆ ಹಾಕಿದಳು. “ನೋಡು ಲವ್, ನಾನು ಹೋಗಿ ಕೇಳಿದ್ರೆ ಅವರು ಬಾಯಿ ಬಿಡಲ್ಲ. ಇಂಗ್ಲಿಷಿನವಳು ನಗ್ತಾಳೆ ಅಂತ. ನೀನಾದ್ರೆ ಇವಳೂ ಎಲ್ಲಿಂದಲೋ ಬಂದವಳು ಅಂತ ಒಳಗೆ ಕರೀತಾರೆ. ನಿನ್ನ ಇಂಗ್ಲಿಷ್ ಮಾತ್ರ ಅತೀ ನೀಟಾಗಿದೆ. ಸ್ವಲ್ಪ ಕೆಡಿಸ್ಕೋ.”

ಕೆಡಿಸಿಕೊಂಡೆ. ಗಿರಣಿಯಲ್ಲಿ ಕಲಿತ ಇಂಗ್ಲಿಷಿನಲ್ಲಿ ಅವರು ಹೇಳುತ್ತಿದ್ದರು, ಹೊಲಿಗೆ ಬಿಟ್ಟ ಇಂಗ್ಲಿಷಿನಲ್ಲಿ ನಾನು ಕೇಳುತ್ತಿದ್ದೆ. ಯಾರ ಮನೆಯದೂ ಅಲ್ಲದ ಆ ಭಾಷೆಯಲ್ಲಿ ಅವರಿಗೂ ಸಂಕೋಚವಿರಲಿಲ್ಲ, ನನಗೂ ಇರಲಿಲ್ಲ.

ನಮ್ಮವರಿಗೆ ಈ ಕೆಲಸ ಒಂದು ತಮಾಷೆ. ಲೀಡ್ಸಿನಲ್ಲಿ ಯುಗಾದಿಗೆ ಕನ್ನಡದವರೆಲ್ಲ ಹಾಲ್ ಬಾಡಿಗೆ ಹಿಡಿದು ಸೇರುತ್ತಿದ್ದೆವು. ಮಂಗಳೂರು ಕಡೆಯ ಹೃದಯದ ಡಾಕ್ಟರೊಬ್ಬರು ತಟ್ಟೆ ಹಿಡಿದುಕೊಂಡೇ ಕೂಗುತ್ತಿದ್ದರು: “ಎಂತ ಮಾರಾಯ್ರೇ, ಈ ವಾರ ಎಷ್ಟು ದೆವ್ವ ಹಿಡಿದ್ರಿ? ನಮ್ಮ ವಾರ್ಡಿಗೆ ಒಂದು ಕಳಿಸಿ, ಡ್ಯೂಟಿ ರೋಟಾದಲ್ಲಿ ಜನ ಕಡಿಮೆ ಇದ್ದಾರೆ.” ಮೂರ್ತಿ ನನ್ನ ಪರ ನಿಲ್ಲಲು ಹೋಗಿ, “ರಿಸರ್ಚ್ ರೀ ಅದು, ರಿಸರ್ಚ್,” ಎಂದು ಇನ್ನಷ್ಟು ಕೆಡಿಸುತ್ತಿದ್ದರು. ಮಗಳು ಮೇಘನಾ ಶಾಲೆಯಲ್ಲಿ ಅಮ್ಮ ಲೈಬ್ರರಿಯನ್ ಎಂದು ಹೇಳಿಕೊಂಡಿದ್ದಳು. ಯಾಕೆ ಎಂದು ಕೇಳಿದ್ದಕ್ಕೆ, “ಅಮ್ಮ, ಇಟ್ಸ್ ಈಸಿಯರ್,” ಎಂದಳು.

ಮಾರ್ಗರೆಟ್‌ಳ ಕೆಲಸದ ಕ್ರಮ ಹೇಳಬೇಕು. ಈ ಕಥೆ ನಿಂತಿರುವುದೇ ಅದರ ಮೇಲೆ. ಪ್ರತಿ ಭೇಟಿಗೂ ನೋಟ್‌ಬುಕ್ಕಿನ ಎರಡು ಪುಟ. ಎಡಗಡೆ, ಟೇಪಿನಲ್ಲಿ ಬಾರದ ಸಂಗತಿಗಳು: ಯಾರು ಕೋಣೆಯೊಳಗೆ ಬಂದರು, ಯಾವ ಮಾತಿಗೆ ಶಿಲುಬೆ ಮುಟ್ಟಿಕೊಂಡರು. ಬಲಗಡೆಯ ಪುಟದ ತಲೆಗೆ ಅವಳೇ ಬರೆದ ಶೀರ್ಷಿಕೆ: ‘ನಾನು ಹೇಳಿದ್ದು’. ನಮ್ಮ ಬಾಯಿಂದ ಬಿದ್ದ ಪ್ರತಿ ಮಾತನ್ನೂ ಅಲ್ಲಿ ಬರೆಯಬೇಕು. “ನಾವು ಬಾಯಿ ಬಿಟ್ಟ ಮೇಲೆ ಅವರ ಬಾಯಲ್ಲಿ ಬರೋದು ಯಾರದ್ದು ಅಂತ ಆಮೇಲೆ ಹುಡುಕೋಕಾಗಲ್ಲ,” ಎನ್ನುತ್ತಿದ್ದಳು. ಕಥೆ ಮುಗಿದ ಮೇಲೆ ಒಂದು ಪ್ರಶ್ನೆ ಕಡ್ಡಾಯ: “ಇದನ್ನು ನಿಮಗೆ ಯಾರು ಹೇಳಿದರು?”

ನನ್ನ ಮೊದಲ ತಪ್ಪು ಮೊದಲ ಮನೆಯಲ್ಲೇ ಆಯಿತು. ಬ್ರ್ಯಾಡ್‌ಫರ್ಡಿನಲ್ಲಿ ಉಕ್ರೇನಿನ ಒಬ್ಬ ಫಿಟ್ಟರ್ ಇದ್ದ, ಎತ್ತರದ ಮನುಷ್ಯ. ಸೋಫಾದಲ್ಲಿ ಕೂತ ಕೂಡಲೇ ಕೇಳಿಬಿಟ್ಟೆ: “ನೀವು ರಕ್ತಪಿಶಾಚಿಯನ್ನು ನಂಬುತ್ತೀರಾ?” ಅವನು ಎದ್ದು ಬಾಗಿಲು ತೆರೆದು ಹಿಡಿದ. “ನಾನು ಮೂವತ್ತು ವರ್ಷ ಯಂತ್ರ ರಿಪೇರಿ ಮಾಡಿದವನು. ನನ್ನ ಹತ್ತಿರ ಕೇಳೋ ಪ್ರಶ್ನೆನಾ ಇದು?” ಮಾರ್ಗರೆಟ್ ಮೂರು ತಿಂಗಳು ಬಿಟ್ಟು ಮತ್ತೆ ಅಲ್ಲಿಗೇ ಕಳಿಸಿದಳು. ಈ ಸಲ, ನಿಮ್ಮೂರಲ್ಲಿ ಸ್ಮಶಾನ ಎಲ್ಲಿತ್ತು ಎಂದಷ್ಟೇ ಕೇಳಿದೆ. ಎರಡು ಗಂಟೆ ಹೇಳಿದ. ಅವರ ಕಡೆ ರಕ್ತಪಿಶಾಚಿಗೆ ಉಪಿರ್ ಎನ್ನುತ್ತಾರೆ. ಟಿವಿಯಲ್ಲಿ ತೋರಿಸುವ ಕಪ್ಪು ನಿಲುವಂಗಿಯ ಶ್ರೀಮಂತನಿಗೂ ಅದಕ್ಕೂ ಸಂಬಂಧವಿಲ್ಲ.

“ನಿಲುವಂಗಿ ಎಲ್ಲಿಂದ ಬರ್ಬೇಕು? ಹೂತ ಬಟ್ಟೇಲೇ ಬರ್ತಾನೆ. ಕೋಟೆನೂ ಇಲ್ಲ, ಗೀಟೆನೂ ಇಲ್ಲ. ನಮ್ಮೂರಲ್ಲಿ ಇದ್ದಿದ್ದು ಒಂದು ಹಾಲಿನ ಡಿಪೋ. ಮುಖ ಕೆಂಪಗಿರುತ್ತೆ, ಕುಡಿದೋನ ತರ. ಬಂದು ತನ್ನ ಮನೆಯವರನ್ನೇ ಮೊದಲು ಹಿಡೀತಾನೆ. ಪಕ್ಕದ ಮನೆಯವರ ಹತ್ತಿರ ಅವನಿಗೇನು ಕೆಲಸ?”

ಸ್ವಂತ ಮನೆಯವರನ್ನೇ ಮೊದಲು ಎಂಬ ಮಾತಿನ ಕೆಳಗೆ ನಾನು ಅವತ್ತು ಗೆರೆ ಎಳೆದಿದ್ದೇನೆ. ಯಾಕೆಂದು ಬರೆದಿಲ್ಲ.

ಲೀಡ್ಸಿನ ಸ್ಟೆಫಾನ್ ಪೋಲೆಂಡಿನವನು, ಬಸ್ ಡ್ರೈವರಾಗಿ ನಿವೃತ್ತನಾದವನು. ಅವನ ಭೂತ ನಡುಮಧ್ಯಾಹ್ನದ್ದು. ಸುಗ್ಗಿಯ ಬಿಸಿಲಲ್ಲಿ, ಎಲ್ಲರೂ ನೆರಳಿಗೆ ಹೋದ ಹೊತ್ತಿನಲ್ಲಿ, ಬಿಳಿ ಬಟ್ಟೆಯ ಹೆಂಗಸೊಬ್ಬಳು ಗೋಧಿ ಹೊಲದ ನಡುವೆ ಬರುತ್ತಾಳೆ. ಇನ್ನೂ ಕೆಲಸ ಮಾಡುತ್ತಿರುವವನ ಎದುರು ನಿಂತು ಪ್ರಶ್ನೆ ಕೇಳುತ್ತಾಳೆ. ಉತ್ತರ ತಡವರಿಸಿದರೆ ಕತ್ತು ತಿರುಚುತ್ತಾಳೆ. ಅವಳು ಇಲ್ಲಿಗೆ ಬಂದಿದ್ದಾಳಾ ಎಂದು ಕೇಳಿದೆ.

“ಯಾರ್ಕ್‌ಶೈರಿಗಾ? ಬಿಸಿಲೇ ಇಲ್ಲದ ಮೇಲೆ ಅವಳಿಗೆ ಯಾರು ವೀಸಾ ಕೊಡ್ತಾರೆ, ಪಾನಿ?” ಪಾನಿ ಎಂದರೆ ಅವರಲ್ಲಿ ಅಮ್ಮಾವ್ರೆ ಎಂದ ಹಾಗೆ. ಸ್ವಲ್ಪ ತಡೆದು ಸೇರಿಸಿದ: “ಹೋದ ವರ್ಷ ಜುಲೈನಲ್ಲಿ ಭಾರಿ ಸೆಕೆ ಇತ್ತಲ್ಲ, ಅವತ್ತು ಮಧ್ಯಾಹ್ನ ತೋಟಕ್ಕೆ ಹೋಗ್ಲಿಲ್ಲ. ಸುಮ್ನೆ. ಯಾಕೆ ಬೇಕು?”

ಮಟಮಟ ಮಧ್ಯಾಹ್ನ ಬಾವಿಕಟ್ಟೆಗೆ ಹೋಗಬೇಡ ಎಂದು ನನ್ನ ಅಜ್ಜಿ ಬೈಯುತ್ತಿದ್ದದ್ದು ನೆನಪಾಯಿತು. ಹೇಳಲಿಲ್ಲ. ಬಲಗಡೆಯ ಪುಟ ಖಾಲಿ ಉಳಿಯಿತು. ಆಗಿನ್ನೂ ಖಾಲಿ ಪುಟ ನನಗೆ ಹೆಮ್ಮೆಯ ವಿಷಯ.

ಈಗ ಹಾನ್ನಾ. ಉಕ್ರೇನಿನ ಹಳ್ಳಿಯವಳು, ಹುಡುಗಿಯಾಗಿದ್ದಾಗಲೇ ಜರ್ಮನ್ನರು ದುಡಿಮೆಗೆ ಹೊತ್ತೊಯ್ದಿದ್ದರು, ಯುದ್ಧದ ನಂತರ ಹಡರ್ಸ್‌ಫೀಲ್ಡಿನ ಗಿರಣಿಗೆ ಬಂದಳು. ನೇಯ್ದು ಬಂದ ಬಟ್ಟೆಯ ಮೇಲೆ ಬೆರಳಾಡಿಸಿ ತಪ್ಪಿದ ಎಳೆ ಹುಡುಕಿ ಸೂಜಿಯಿಂದ ಸರಿ ಮಾಡುವುದು ಅವಳ ಕೆಲಸವಾಗಿತ್ತು. ನಾನು ಕಾಣುವ ಹೊತ್ತಿಗೆ ನಿವೃತ್ತಳು, ವಿಧವೆ, ಮಕ್ಕಳಿರಲಿಲ್ಲ. ಮಾತಾಡುವಾಗಲೂ ಬೆರಳು ಮೇಜುಬಟ್ಟೆಯ ಮೇಲೆ ತಪ್ಪು ಹುಡುಕುತ್ತಿತ್ತು. “ಬಟ್ಟೆ ಯಾವಾಗ್ಲೂ ಹಿಂದಿನಿಂದ ನೋಡು, ದೋನ್ಯಾ. ಮುಂಭಾಗ ಸುಳ್ಳು ಹೇಳುತ್ತೆ.” ದೋನ್ಯಾ ಎಂದರೆ ಮಗಳೇ ಎಂದು. ಎರಡನೆಯ ಭೇಟಿಯಲ್ಲೇ ಹಾಗೆ ಕರೆಯತೊಡಗಿದಳು.

ಕೌನ್ಸಿಲಿನವರು ಅವಳನ್ನು ಮುದುಕರ ಫ್ಲ್ಯಾಟಿಗೆ ಬದಲಾಯಿಸಿದಾಗ ನನಗೆ ಫೋನ್ ಮಾಡಿದಳು. ಸಾಮಾನು ಹೋಯಿತು, ಒಂದು ಮಾತ್ರ ಉಳಿದಿದೆ, ನೀನು ಬಾ. ಹೋದೆ. ಖಾಲಿ ಮನೆಯಲ್ಲಿ ಗ್ಯಾಸ್ ಒಲೆಯ ಹಿಂದಿನಿಂದ ಒಂದು ಹಳೆಯ ಚಪ್ಪಲಿಯನ್ನು ಕೋಲಿನಿಂದ ಎಳೆದಳು. ಮನೆ ಕಾಯುವ ದೊಮೊವಿಕ್ ಎಂಬ ಸಣ್ಣ ಮುದುಕ ಒಲೆಯ ಹಿಂದೆ ವಾಸಿಸುತ್ತಾನೆ. ಮನೆ ಬದಲಾಯಿಸುವಾಗ ಹಳೆಯ ಕೆರದಲ್ಲಿ ಕೂರಿಸಿ ಕರೆದುಕೊಂಡು ಹೋಗಬೇಕು, ಇಲ್ಲದಿದ್ದರೆ ಖಾಲಿ ಮನೆಯಲ್ಲಿ ಅಳುತ್ತಾನೆ. ಚಪ್ಪಲಿಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ಬಸ್ಸಿನಲ್ಲಿ ಕೂತೆವು. ಡ್ರೈವರ್ ಅದನ್ನು ನೋಡಿ, “ಅದಕ್ಕೂ ಪಾಸ್ ಇದೆಯಾ ಅಜ್ಜಿ?” ಎಂದ. “ಪೆನ್ಷನರ್,” ಎಂದಳು ಹಾನ್ನಾ. ಹೊಸ ಫ್ಲ್ಯಾಟಿನಲ್ಲಿ ಒಲೆಯೇ ಇರಲಿಲ್ಲ, ವಿದ್ಯುತ್ತಿನ ಹೀಟರ್. ಅರ್ಧ ಗಂಟೆ ಚರ್ಚೆ ಮಾಡಿ ಬಿಸಿನೀರಿನ ಟ್ಯಾಂಕಿನ ಕಪಾಟಿನಲ್ಲಿ ಇಟ್ಟೆವು. ಅವನಿಗೆ ಅಲ್ಲಿ ಹೊಂದಿಕೆಯಾಯಿತಾ ಎಂದು ಮುಂದಿನ ವಾರ ಕೇಳಿದೆ. “ದೂರು ಬಂದಿಲ್ಲ,” ಎಂದಳು.

ಇದೆಲ್ಲ ಬರೆಯುವಾಗ ಆ ಬಸ್ಸು ಎಷ್ಟು ಬೆಚ್ಚಗಿತ್ತು ಅನ್ನಿಸುತ್ತದೆ. ಬೆಚ್ಚಗಿರಲಿಲ್ಲ, ಡೈರಿಯಲ್ಲಿ ಕಿಟಕಿ ಮುಚ್ಚುತ್ತಿರಲಿಲ್ಲ ಎಂದಿದೆ.

ಗಸಗಸೆಯ ಮಾತು ಬಂದದ್ದು ಆ ಫ್ಲ್ಯಾಟಿನಲ್ಲಿ, ಒಂದು ಮಧ್ಯಾಹ್ನ. ಹಾನ್ನಾ ಗಸಗಸೆ ಹೂರಣ ತುಂಬಿದ ಸಿಹಿ ರೊಟ್ಟಿ ಮಾಡಿದ್ದಳು. ಹಾಗೇ ಕಥೆಗೆ ಜಾರಿದಳು. ಅವಳ ದೊಡ್ಡಪ್ಪ ಸತ್ತಾಗ ಊರವರಿಗೆ ಅನುಮಾನವಿತ್ತು, ಇವನು ಎದ್ದು ಬರುತ್ತಾನೆ ಎಂದು. ಅವಳ ಅಜ್ಜಿ ಶವಪೆಟ್ಟಿಗೆಯೊಳಗೆ ಮಡಿಲು ತುಂಬ ಗಸಗಸೆ ಸುರಿದಳು.

“ಬರ್ಬೇಕು ಅಂದ್ರೆ ಒಂದೊಂದೇ ಕಾಳು ಎಣಿಸ್ಬೇಕು. ಎಣಿಸಿ ಮುಗಿಯೋಕೆ ಮುಂಚೆ ಕೋಳಿ ಕೂಗುತ್ತೆ. ಮತ್ತೆ ಮೊದಲಿಂದ.” ರೊಟ್ಟಿಯ ತುಣುಕು ನನ್ನ ತಟ್ಟೆಗೆ ಹಾಕಿ ಕೇಳಿದಳು: “ನಿಮ್ಮೂರಲ್ಲಿ ಏನು ಹಾಕ್ತಾರೆ, ದೋನ್ಯಾ?”

ಅಷ್ಟರಲ್ಲಿ ಟೇಪಿನ ಒಂದು ಬದಿ ಮುಗಿದು ಯಂತ್ರ ಟಕ್ಕೆಂದು ನಿಂತಿತು. ಮಗುಚಿ ಹಾಕಬೇಕಿತ್ತು. ನಾನು ಕ್ಯಾಸೆಟ್ ಹೊರತೆಗೆದು ಕೈಯಲ್ಲಿ ಹಿಡಿದುಕೊಂಡೇ ಹೇಳಿಬಿಟ್ಟೆ.

ನನಗೆ ನಾಲ್ಕು ವರ್ಷವಾಗಿದ್ದಾಗ ಅವ್ವ ಬಾಣಂತಿಯಾಗಿ ತೀರಿಕೊಂಡಳು. ತಮ್ಮ ಹುಟ್ಟಿ ಒಂದು ವಾರವಾಗಿತ್ತು, ಅವನೂ ಉಳಿಯಲಿಲ್ಲ. ನಮ್ಮದು ಹೊಸದುರ್ಗದ ಕಡೆ, ಅಪ್ಪ ಮೇಷ್ಟ್ರು. ಬಾಣಂತಿ ಸತ್ತರೆ ಮಕ್ಕಳಿಗಾಗಿ ತಿರುಗಿ ಬರುತ್ತಾಳೆಂಬ ಭಯ. ಅದಕ್ಕೆ ಮಣ್ಣು ಮಾಡಿ ಬರುವಾಗ ದಾರಿಯುದ್ದಕ್ಕೂ ಹುರಿದ ಸಾಸಿವೆ ಚೆಲ್ಲುತ್ತಾರೆ. ಇದು ಮೊಳೆತಾಗ ಬಾ ಎಂದು ಹೇಳುತ್ತಾರೆ. ಹುರಿದದ್ದು ಮೊಳೆಯುವುದಿಲ್ಲ. ನನಗೆ ಅವ್ವನ ಮುಖ ನೆನಪಿಲ್ಲ. ನೆನಪಿರುವುದು ಒಲೆಯ ಮುಂದೆ ಕೂತ ಅಜ್ಜಿಯ ಬೆನ್ನು, ಕಬ್ಬಿಣದ ಬಾಣಲೆಯಲ್ಲಿ ಸಾಸಿವೆ ಚಟಪಟ ಸಿಡಿಯುವ ಸದ್ದು, ಆ ವಾಸನೆ. ಅಷ್ಟೇ.

ಹಾನ್ನಾಳ ಬೆರಳು ಮೇಜುಬಟ್ಟೆಯ ಮೇಲೆ ನಿಂತಿತು.

“ನಿನ್ನ ಹತ್ತಿರ ಬರಬಾರ್ದು ಅಂತಾನಾ?”

“ಹೂಂ. ನನ್ನ ಹತ್ತಿರ, ತಮ್ಮನ ಹತ್ತಿರ.”

“ಹುರಿದು?” ಎಂದಳು. “ಅದು ಮೋಸ. ನಾವು ಕೆಲಸ ಕೊಡ್ತೀವಿ. ಕಷ್ಟದ ಕೆಲಸ, ಆದ್ರೂ ಕೆಲಸ. ಮುಗಿಸಿದ್ರೆ ಬರಬಹುದು. ನೀವು ಹುರಿದುಬಿಟ್ರಿ.”

ಎದ್ದು ಬರುವಾಗ ಉಳಿದ ರೊಟ್ಟಿಯನ್ನೆಲ್ಲ ಕಾಗದದಲ್ಲಿ ಸುತ್ತಿ ಕೊಟ್ಟಳು. ಮನೆಯಲ್ಲಿ ಮೂರ್ತಿ ಒಂದು ತುಣುಕು ಬಾಯಿಗೆ ಹಾಕಿಕೊಂಡು, “ಅರೆ, ಗಸಗಸೆ ಹೋಳಿಗೆ ಕಣೇ ಇದು!” ಎಂದರು. ನೋಟ್‌ಬುಕ್ ತೆರೆದೆ. ಎಡಗಡೆ ಪುಟ ತುಂಬಿದೆ. ಬಲಗಡೆ, ‘ನಾನು ಹೇಳಿದ್ದು’ ಎಂಬುದರ ಕೆಳಗೆ ಏನೂ ಇಲ್ಲ. ಅವ್ವನ ಸಾವನ್ನು ಇಂಗ್ಲಿಷಿನಲ್ಲಿ ಬರೆದು ಕಪಾಟಿನಲ್ಲಿಡಲು ಮನಸ್ಸಾಗಲಿಲ್ಲ. ಮಾರ್ಗರೆಟ್ ಪುಟ ನೋಡಿ, “ಮತ್ತೆ ಖಾಲಿ. ನಿನ್ನಷ್ಟು ಶಿಸ್ತು ನನಗೂ ಇಲ್ಲ ಲವ್,” ಎಂದಳು.

ಎರಡು ವರ್ಷ ಕಳೆಯಿತೋ ಮೂರೋ. ಉಕ್ರೇನಿನವರ ಕ್ಲಬ್ಬಿನಲ್ಲಿ ಭಾನುವಾರದ ಇಸ್ಪೀಟಾಟದ ನಂತರ ವಾಸಿಲ್ ಎಂಬ ಮುದುಕನನ್ನು ಟೇಪು ಮಾಡುತ್ತಿದ್ದೆ. ಹಾನ್ನಾಳ ಊರಿನವನೇ, ಅವಳ ಮೇಜಿನಲ್ಲೇ ಆಡುವವನು. ಉಪಿರ್ ಬರದ ಹಾಗೆ ಏನು ಮಾಡುತ್ತಿದ್ದಿರಿ ಎಂದೆ.

“ಗಸಗಸೆ. ಹುರಿದು ಚೆಲ್ಲೋದು, ಸ್ಮಶಾನದಿಂದ ಮನೆವರೆಗೆ. ಇದು ಮೊಳೆತಾಗ ಬಾ ಅಂತ ಹೇಳೋದು.”

ಕಡ್ಡಾಯದ ಪ್ರಶ್ನೆ ಕೇಳಿದೆ: ಇದನ್ನು ನಿಮಗೆ ಯಾರು ಹೇಳಿದರು?

“ಯಾರು ಹೇಳೋದೇನು, ಎಲ್ರಿಗೂ ಗೊತ್ತಿರೋದೇ,” ಎಂದ ವಾಸಿಲ್.

ಮಾರ್ಗರೆಟ್ ಆ ಟೇಪನ್ನು ಮೂರು ಸಲ ಕೇಳಿದಳು. ಎಣಿಸುವ ಕಾಳಿನ ಕಥೆ ನೂರಾರಿದೆ, ಹುರಿದ ಕಾಳಿನದು ಆ ಜನರಿಂದ ಇದೇ ಮೊದಲು ಎಂದಳು. ಟೀ ಮಗ್ಗು ಕೆಳಗಿಟ್ಟು ನನ್ನನ್ನು ಅಪ್ಪಿಕೊಂಡಳು. ಅಷ್ಟು ವರ್ಷದಲ್ಲಿ ಅದೊಂದೇ ಸಲ. ಸೂಚಿಯ ಕಾರ್ಡಿನ ಮೂಲೆಯಲ್ಲಿ ಕೆಂಪು ನಕ್ಷತ್ರ ಬರೆದಳು. ಟ್ರಸ್ಟಿನ ವಾರ್ತಾಪತ್ರದಲ್ಲಿ ಅದರ ಬಗ್ಗೆ ಒಂದು ಪುಟ ಬಂತು. ಆ ಹೊತ್ತಿನಲ್ಲಿ ನಾನು ಬಾಯಿ ಬಿಡಬೇಕಿತ್ತು. ಅವಳ ಸಂತೋಷ ಕೆಡಿಸಲಾಗಲಿಲ್ಲ ಎಂದು ಬಹಳ ದಿನ ನನಗೆ ನಾನೇ ಹೇಳಿಕೊಂಡೆ. ಅದು ಅರ್ಧ ನಿಜ. ಬಾಯಿ ಬಿಟ್ಟರೆ ಆ ಬಲಗಡೆಯ ಪುಟ ತುಂಬಿಸಬೇಕಾಗುತ್ತಿತ್ತು. ಮನೆಯಲ್ಲಿ ಮೂರ್ತಿಗೆ ಮಾತ್ರ ಹೇಳಿದೆ.

“ಅವರಲ್ಲೂ ಇದ್ದಿರಬಹುದಲ್ಲ? ಸಾಸಿವೆ ನಮ್ಮೊಬ್ಬರ ಸೊತ್ತಾ?” ಎಂದರು.

ಇದ್ದಿರಬಹುದು. ಹುಡುಕಿದೆ, ವರ್ಷಗಟ್ಟಲೆ. ಮ್ಯಾಂಚೆಸ್ಟರಿನ, ಬರ್ಮಿಂಗ್‌ಹ್ಯಾಮಿನ ಮುದುಕರನ್ನೆಲ್ಲ ಕೇಳಿದೆ. ಎಣಿಸುವ ಕಾಳು ಎಲ್ಲೆಡೆ ಸಿಕ್ಕಿತು. ಹುರಿದದ್ದು ಇನ್ನೊಂದು ಸಿಗಲಿಲ್ಲ.

ಈ ನಡುವೆ ಕೆಲಸದ ರೀತಿಯೇ ಬದಲಾಯಿತು. ಕ್ಯಾಸೆಟ್ ಹೋಗಿ ಸಣ್ಣ ಡಿಸ್ಕು ಬಂತು, ಡಿಸ್ಕು ಹೋಗಿ ಫೋನು ಬಂತು. ಕಾರ್ಡುಗಳನ್ನು ಕಂಪ್ಯೂಟರಿಗೆ ಹಾಕುವಾಗ ಕೆಂಪು ನಕ್ಷತ್ರಕ್ಕೆ ಜಾಗವಿರಲಿಲ್ಲ, ‘ವಿಶೇಷ’ ಎಂಬ ಪದವಾಯಿತು. ಈಗ ಯಂತ್ರವೇ ಕೇಳಿ ಬರೆದುಕೊಡುತ್ತದೆ, ಚೆನ್ನಾಗಿಯೇ ಬರೆಯುತ್ತದೆ. ಮಾತಿನ ನಡುವಿನ ಮೌನವನ್ನು ಮಾತ್ರ ಬಿಟ್ಟುಬಿಡುತ್ತದೆ. ಹಾನ್ನಾಳ ಟೇಪಿನಲ್ಲಿ ಕೊನೆಗೆ ಕೇಳುವುದು ಅವಳ ಪ್ರಶ್ನೆ, ‘ನಿಮ್ಮೂರಲ್ಲಿ ಏನು ಹಾಕ್ತಾರೆ, ದೋನ್ಯಾ?’ ಆಮೇಲೆ ನಾನು ಉಸಿರೆಳೆದುಕೊಳ್ಳುವ ಸದ್ದು, ಟಕ್. ಯಂತ್ರ ಬರೆದ ಪ್ರತಿಯಲ್ಲಿ ಆ ಉಸಿರಿಲ್ಲ. ಈ ಕೆಲಸಕ್ಕೆ ಬರುವವರು ಹಳೆಯ ಟೇಪುಗಳನ್ನು ಒಮ್ಮೆಯಾದರೂ ಕಿವಿಯಲ್ಲಿ ಕೇಳಿ.

ನಾನು ನಿವೃತ್ತಳಾಗುವ ಕೆಲವು ವರ್ಷ ಮೊದಲು, ತೊಂಬತ್ತು ವಯಸ್ಸಿನ ಅಂಚಿನಲ್ಲಿ, ಹಾನ್ನಾ ತೀರಿಕೊಂಡಳು. ಗುಡ್ಡದ ಮೇಲಿನ ಸ್ಮಶಾನ, ಕೆಳಗೆ ಊರಿನ ಚಿಮಣಿಗಳು ಕಾಣುತ್ತಿದ್ದವು. ಪಾದ್ರಿ ಮುಗಿಸಿ ಹೋದ ಮೇಲೆ ವಾಸಿಲ್ ಕೋಟಿನ ಜೇಬಿನಿಂದ ಸೂಪರ್‌ಮಾರ್ಕೆಟ್ಟಿನ ಗಸಗಸೆ ಪೊಟ್ಟಣ ತೆಗೆದ. ಅವಳು ಬರಬಾರದೆಂದು ಹಾಕುತ್ತಾನಾ?

“ಕೈ ಹಿಡಿ ಪಾನಿ,” ಎಂದು ನನ್ನ ಅಂಗೈಗೂ ಸುರಿದ. “ಹಾನ್ನಾ ಹೇಳಿ ಹೋಗಿದ್ದಾಳೆ. ನನ್ನ ಗುಂಡಿ ಮೇಲೆ ಗಸಗಸೆ ಹಾಕು, ಹುರಿಯದೆ ಹಾಕು. ಆ ಭಾರತದ ಹುಡುಗಿ ಕೈಲೂ ಹಾಕಿಸು ಅಂತ.”

ಅಂಗೈಯಲ್ಲಿ ನೋಡಿದೆ. ನೀಲಿ ಬೂದು ಬಣ್ಣದ ಹಸಿ ಕಾಳು. ಹಾಕಿದೆ. ತಿರುಗಿ ಇಳಿಯುವಾಗ ಕೇಳಿಯೇಬಿಟ್ಟೆ: ಹುರಿಯುವ ಸಂಗತಿ ನಿಮ್ಮೂರಿನದಾ, ಹಾನ್ನಾ ಹೇಳಿದ್ದಾ?

ಅವನು ನಿಂತು ಉಸಿರು ಸುಧಾರಿಸಿಕೊಂಡ. “ಈಗ ಯಾರಿಗೆ ನೆನಪಿದೆ? ಊರಲ್ಲಿ ಈಗ ನಮ್ಮೋರು ಯಾರೂ ಇಲ್ಲ. ಹಾನ್ನಾ ಹೇಳಿದ್ದೇ ನಮಗೆ ಊರು.”

ಮುಂದಿನ ಬೇಸಿಗೆ ಅಲ್ಲಿ ನಾಲ್ಕೈದು ಗಿಡ ಹುಟ್ಟಿ ತಿಳಿ ನೇರಳೆ ಹೂ ಬಿಟ್ಟವು. ಕೌನ್ಸಿಲಿನವರು ಹುಲ್ಲಿನ ಜೊತೆ ಕೊಯ್ದರು. ಮರು ವರ್ಷ ಮತ್ತೆ ಬಂದವು.

ಮಾರ್ಗರೆಟ್ ಕೂಡ ಹೋದಳು, ನನ್ನಿಂದ ನಿಜ ಕೇಳದೆಯೇ. ನಾನು ನಿವೃತ್ತಳಾಗಿ ಎರಡು ವರ್ಷದ ಮೇಲೆ ಎಲ್ಲೀ ಎಂಬ ಹುಡುಗಿ ಫೋನ್ ಮಾಡಿದಳು, ನಾನೇ ಕೆಲಸ ಕಲಿಸಿ ನನ್ನ ಜಾಗದಲ್ಲಿ ಬಿಟ್ಟುಬಂದವಳು. ಪಿಎಚ್‌ಡಿ ಮಾಡುತ್ತಿದ್ದಾಳೆ. ವಾಸಿಲ್‌ನ ಟೇಪು ಅವಳ ಒಂದು ಇಡೀ ಅಧ್ಯಾಯ. “ಇದೊಂದೇ ಉದಾಹರಣೆ ಇರೋದು! ಇದರ ಹಿಂದಿನ ಕಥೆ ನಿಮಗೆ ಗೊತ್ತಿರ್ಬೇಕಲ್ವಾ?”

ಮನೆಗೆ ಕರೆದೆ. ಟೀ ಕೊಟ್ಟು ಎಲ್ಲವನ್ನೂ ಹೇಳಿದೆ: ಮುಗಿದ ಟೇಪು, ಸಾಸಿವೆ, ಅವ್ವ, ಖಾಲಿ ಪುಟ. ಆ ನೋಟ್‌ಬುಕ್ಕಿನ ಬಲಗಡೆಯ ಪುಟವನ್ನು ಅವಳೆದುರೇ ಬರೆದು ತುಂಬಿಸಿದೆ, ಬರೆದ ದಿನದ ತಾರೀಖನ್ನೇ ಹಾಕಿ. ಅವಳ ಮುಖ ಬಾಡುತ್ತದೆಂದುಕೊಂಡಿದ್ದೆ. ಸ್ವಲ್ಪ ಬಾಡಿತು ಕೂಡ. ಆಮೇಲೆ ಫೋನನ್ನು ನನ್ನ ಕಡೆ ಜರುಗಿಸಿ, ರೆಕಾರ್ಡ್ ಒತ್ತಿ, ನಾನೇ ಕಲಿಸಿಕೊಟ್ಟ ದನಿಯಲ್ಲಿ ಕೇಳಿದಳು:

“ಇದನ್ನು ನಿಮಗೆ ಯಾರು ಹೇಳಿದರು?”

ಯಾರೂ ಹೇಳಿಲ್ಲ, ನೋಡಿದ್ದೇನೆ ಎನ್ನಬೇಕಿತ್ತು. ನಾಲ್ಕು ವರ್ಷದ ಮಗು ನೋಡಿದ್ದೇನು? ಅಜ್ಜಿಯ ಬೆನ್ನು, ಸಿಡಿಯುವ ಸದ್ದು. ಒಗ್ಗರಣೆಯ ಸಾಸಿವೆಯೂ ಸಿಡಿಯುತ್ತದೆ, ದಿನಾ ಸಿಡಿಯುತ್ತದೆ. ಸ್ಮಶಾನದ ದಾರಿಯಲ್ಲಿ ನಾನಿರಲಿಲ್ಲ. ‘ಮೊಳೆತಾಗ ಬಾ’ ಎಂದದ್ದನ್ನು ಕೇಳಿಲ್ಲ. ಎಂ.ಎ.ಯಲ್ಲಿ ಜಾನಪದದ ಒಂದು ಪತ್ರಿಕೆಯಿತ್ತು, ಸಾವಿನ ಆಚರಣೆಗಳ ಟಿಪ್ಪಣಿ ಬರೆದುಕೊಂಡಿದ್ದೆ. ಬಾಣಂತಿ, ಹುರಿದ ಸಾಸಿವೆ, ಆ ಮಾತು, ಎಲ್ಲ ಅಲ್ಲಿಂದಲೇ ಬಂದು ಅಜ್ಜಿಯ ಬೆನ್ನಿಗೆ ಅಂಟಿಕೊಂಡಿತೇ? ವಾಸಿಲ್ ಮಾಡಿದ್ದೂ ಅದನ್ನೇ ಅಲ್ಲವೇ? ಹಾಗಿದ್ದರೆ ಅವ್ವನ ಹಿಂದೆ ಯಾರೂ ಏನೂ ಚೆಲ್ಲಿಲ್ಲವೋ, ಅಥವಾ ಚೆಲ್ಲಿಯೂ ಹುರಿದಿರಲಿಲ್ಲವೋ?

ಅಜ್ಜಿಗೆ ಅವ್ವ ಸೊಸೆ ಮಾತ್ರವಲ್ಲ, ಅಣ್ಣನ ಮಗಳೂ ಹೌದು, ಎತ್ತಿ ಆಡಿಸಿದವಳು. ಬಾಣಲೆ ಒಲೆಯ ಮೇಲಿಟ್ಟು ಕೊನೆಗೆ ಹುರಿಯದೆ ಇಳಿಸಿದಳೇ? ಹಾನ್ನಾ ತನಗೆ ಹಸಿ ಕಾಳು ಕೇಳಿ ಪಡೆದುಕೊಂಡಳು. ಅವ್ವನಿಗೆ ಕೇಳುವವರು ಯಾರಿದ್ದರು?

ಆ ದಿನ ಆ ಮನೆಯಲ್ಲಿದ್ದವರಲ್ಲಿ ಈಗ ಉಳಿದಿರುವವಳು ಗೌರತ್ತೆ ಒಬ್ಬಳೇ, ಅಪ್ಪನ ತಂಗಿ. ಆಗ ಹದಿನಾಲ್ಕೋ ಹದಿನೈದೋ. ಹೋದ ಭಾನುವಾರ ವಿಡಿಯೊ ಕರೆ ಮಾಡಿದೆ. ಮೊಮ್ಮಗಳು ಫೋನ್ ಹಿಡಿದಿದ್ದಳು. ಅತ್ತೆ ಮಂಚದ ಮೇಲೆ ಕೂತು ಅವರೆಕಾಳು ಸುಲಿಯುತ್ತಿದ್ದಳು.

“ಏನವ್ವಾ, ಉಂಡ್ಯಾ? ಅಲ್ಲಿ ಇನ್ನೂ ಚಳಿ ಐತಾ?”

“ಐತೆ ಅತ್ತೆ. ಒಂದು ಮಾತು ಕೇಳ್ಬೇಕಿತ್ತು. ಅವ್ವ ಹೋದ ದಿನದ್ದು.”

ಕೇಳಿದೆ. ಅತ್ತೆಯ ಬೆರಳು ನಿಂತಿತು. ಹಾನ್ನಾಳ ಬೆರಳು ನಿಂತ ಹಾಗೆಯೇ ಎಂದು ಬರೆಯುತ್ತಿದ್ದೆ, ಆದರೆ ಈಗ ಆ ಬೆರಳನ್ನೂ ನಾನೇ ಇಲ್ಲಿ ತಂದಿಟ್ಟಿದ್ದೇನಾ ಎಂಬ ಅನುಮಾನ. ಅತ್ತೆ ಪರದೆಯನ್ನು ಬಿಟ್ಟು ಅಡುಗೆಮನೆಯ ಕಡೆ ನೋಡಿದಳು. ಬಹಳ ಹೊತ್ತು ನೋಡಿದಳು. ಮೊಮ್ಮಗಳು, “ಅಜ್ಜಿ, ಕೇಳುಸ್ತಾ?” ಎಂದಳು. ಅತ್ತೆ, “ಕೇಳುಸ್ತು,” ಎಂದು ಮತ್ತೆ ಸುಲಿಯತೊಡಗಿದಳು. ನಾನು ಕಾದೆ. ಮೌನವನ್ನು ತುಂಬಬಾರದೆಂದು ಮೂವತ್ತು ವರ್ಷ ಕಲಿತವಳು, ಬಾಯಿ ಬಿಡಲಿಲ್ಲ. ಕೊನೆಗೆ ಅವಳ ಕಡೆಯಲ್ಲಿ ಕರೆಂಟು ಹೋಗಿಯೋ ಏನೋ ಚಿತ್ರ ನಿಂತಿತು.

ಮತ್ತೆ ಎರಡು ಸಲ ಮಾಡಿದ್ದೇನೆ. ಅತ್ತೆ ಚೆನ್ನಾಗಿದ್ದಾಳೆ, ಮೇಘನಾಳ ಮಕ್ಕಳನ್ನು ವಿಚಾರಿಸಿಕೊಳ್ಳುತ್ತಾಳೆ, ಮಂಡಿ ನೋವಿನ ಕಥೆ ಹೇಳುತ್ತಾಳೆ. ಆ ಮಾತು ಎತ್ತುವುದಿಲ್ಲ. ನಾನು ಅವತ್ತು ಕೇಳಿದ್ದು ಇಷ್ಟೇ, ಡೈರಿಯಲ್ಲಿ ಅದೇ ದಿನ ಬರೆದಿಟ್ಟಿದ್ದೇನೆ, ಬಲಗಡೆಯ ಪುಟದಲ್ಲಿ:

“ಅತ್ತೆ, ಅವ್ವನ ಹಿಂದೆ ಸಾಸಿವೆ ಚೆಲ್ಲಿದ್ರಾ? ಚೆಲ್ಲಿದ್ರೆ, ಅಜ್ಜಿ ಅದನ್ನ ಹುರಿದಿದ್ಲಾ, ಹಸಿದೇ ಚೆಲ್ಲಿದ್ಲಾ?”